ಅಂಬಲಿಯ ಆಚೆಗೆ

ಮೊನ್ನೆ ತರಗತಿಯಲ್ಲಿ ರಾಜರತ್ನಂ ಅವರ 'ರತ್ನನ ಪದಗಳು' ಪಾಠ ಹೇಳುತ್ತಿದ್ದೆ. ಹೆಂಡ ಮುಟ್ಟದವರೇ ಹೆಂಡಗುಡುಕನ ಬಾಯಲ್ಲಿ ಹಾಡಿಸಿದರು ಎಂದದ್ದೇ ತಡ, ಹಿಂದಿನ ಬೆಂಚಿನವನೊಬ್ಬ ಎದ್ದು, "ಸಾರ್, ವಿಸ್ಕಿ ಮನೆಯಲ್ಲೇ ಮಾಡಬಹುದೆ?" ಎಂದ. ತರಗತಿ ಗೊಳ್ಳೆಂದಿತು. ನಾನೂ ನಕ್ಕೆ. ಆದರೆ ಪ್ರಶ್ನೆ ನನ್ನ ಜೊತೆ ಮನೆಗೆ ಬಂತು.

ಅಡುಗೆಮನೆಯಲ್ಲಿ ಅಮ್ಮ ಮೊಳಕೆ ಕಟ್ಟಿದ್ದ ರಾಗಿಯನ್ನು ಬಟ್ಟೆಯಿಂದ ಬಿಡಿಸಿ ಹರವುತ್ತಿದ್ದಳು. ವಿಸ್ಕಿಯ ಮೊದಲ ಹೆಜ್ಜೆಯೂ ಇದೇ! ಸ್ಕಾಟ್ಲೆಂಡಿನವರು ಬಾರ್ಲಿಗೆ ಮೊಳಕೆ ಬರಿಸಿ ಒಣಗಿಸುತ್ತಾರೆ. ಮೊಳಕೆಯ ಕಿಣ್ವ ಬಿಸಿನೀರಿನಲ್ಲಿ ಪಿಷ್ಟವನ್ನು ಸಕ್ಕರೆಯಾಗಿಸುತ್ತದೆ; ಯೀಸ್ಟ್ ಆ ಸಕ್ಕರೆಯನ್ನುಂಡು ಮದ್ಯಸಾರವಾಗಿಸುತ್ತದೆ. ಮುಂದಿನದು ಭಟ್ಟಿ. ಮದ್ಯಸಾರ ಕುದಿಯುವುದು 78 ಡಿಗ್ರಿಗೆ, ನೀರು 100ಕ್ಕೆ; ಮುಂದಾಗಿ ಏಳುವ ಆವಿಯನ್ನು ತಣಿಸಿ ಹಿಡಿಯಬೇಕು. ಆ ಆವಿಗೆ ಕಿಡಿ ತಗುಲಿದರೆ ಮನೆಯೇ ಭಟ್ಟಿ. ಹಿಡಿದದ್ದನ್ನು ಓಕ್ ಮರದ ಪೀಪಾಯಿಯಲ್ಲಿ ಇಡಬೇಕು. ಅಲ್ಲಿಯ ಕಾನೂನಿನಂತೆ 3 ವರ್ಷ ತುಂಬದೆ ಅದು ಸ್ಕಾಚ್ ಅಲ್ಲ.

ಕಾನೂನೆಂದರೆ, ವಿಸ್ಕಿಯ ತವರಾದ ಆ ನಾಡಿನಲ್ಲೂ ಭಟ್ಟಿಗೆ ಪರವಾನಗಿ ಬೇಕು. ನಮ್ಮಲ್ಲಿ 1965ರ ಕರ್ನಾಟಕ ಅಬಕಾರಿ ಕಾಯಿದೆ ಇದೆ. ಪರವಾನಗಿಯಿಲ್ಲದೆ ಮದ್ಯ ಇಳಿಸುವುದು ಮಾತ್ರವಲ್ಲ, ಅದಕ್ಕೆಂದು ಸಲಕರಣೆ ಇಟ್ಟುಕೊಳ್ಳುವುದೂ ಅಪರಾಧ. ಮಾರಲಿಕ್ಕಲ್ಲ, ಮನೆಮಟ್ಟಿಗೆ ಎಂದರೆ ನಡೆಯದು.

ಇಷ್ಟನ್ನೂ ಅಮ್ಮನಿಗೆ ವಿವರಿಸಿದೆ. ಅವಳ ಕೈ ರಾಗಿಯ ಮೇಲೆ ನಿಂತಿತು. "ನಿನ್ನ ಮಾವನಿಗೆ ಕಾಯಿದೆ ಗೊತ್ತಿರಲಿಲ್ಲ ಕಣೋ. ಅದರೊಳಗೆ ಏನು ಬೆರೆಸಿದ್ದರೆಂದೂ ಗೊತ್ತಿರಲಿಲ್ಲ" ಎಂದಳು.

1981ರಲ್ಲಿ ಬೆಂಗಳೂರಿನಲ್ಲಿ ವಿಷಮದ್ಯ ನೂರಾರು ಜನರನ್ನು ಕೊಂದಿತು. ನಾನಾಗ ತೊಟ್ಟಿಲಲ್ಲಿದ್ದೆ. ಮಿಥೈಲ್ ಆಲ್ಕೊಹಾಲ್ ಬೆರೆತರೆ ಕಣ್ಣಿಗಾಗಲಿ ನಾಲಗೆಗಾಗಲಿ ಗುರುತು ಹತ್ತುವುದಿಲ್ಲ. ಒಡಲೊಳಗೆ ಅದು ಫಾರ್ಮಿಕ್ ಆಮ್ಲವಾಗಿ ಕಣ್ಣಿನ ನರವನ್ನು ಕೆಡಿಸುತ್ತದೆ. ಮಾವ ಉಳಿದ, ಅವನ ಕಣ್ಣು ಉಳಿಯಲಿಲ್ಲ. ಹುಡುಗನಾಗಿ ಅವನ ಕೋಲಿನ ತುದಿ ಹಿಡಿದು ನಡೆಸಿದವನು ನಾನು. ಇಷ್ಟು ವರ್ಷ ಅದನ್ನು 'ಮಾವನ ಕಾಯಿಲೆ' ಎಂದೇ ಎಲ್ಲರಿಗೂ ಹೇಳುತ್ತ ಬಂದಿದ್ದೆ.

ಮರುದಿನ ಆ ಹುಡುಗನಿಗೆ ಉತ್ತರ ಹೇಳಿದೆ. "ಮೊಳಕೆ ಕಟ್ಟು, ಅಂಬಲಿ ಕಾಸು, ಅದರಾಚೆಗೆ ಹೋಗಬೇಡಪ್ಪ" ಎಂದಾಗ ತರಗತಿ ಮತ್ತೆ ನಕ್ಕಿತು. ಆಗ ಮಾವನ ಮಾತು ತೆಗೆದೆ. ದಿನವೂ ಬೆಳಗ್ಗೆ ಕಾಫಿಯ ಲೋಟ ಕೈಗಿಟ್ಟಾಗ ಅವನು ಕೇಳುತ್ತಿದ್ದ: "ಬೆಳಕು ಹರಿಯಿತೇನೋ?"

ಯಾರೂ ನಗಲಿಲ್ಲ.