ಆಗುಂಬೆಯ ಹಸುರು ಹಾವು

ಹೆಬ್ರಿಯನ್ನು ದಾಟಿ ಸೋಮೇಶ್ವರದಿಂದ ಆಗುಂಬೆಗೆ ಏರುವ ಘಟ್ಟದ ಹಾದಿಯಲ್ಲಿ 14 ಕಡಿದಾದ ತಿರುವುಗಳಿವೆ. ಬಯಲುಸೀಮೆಯಿಂದ ಬಂದವರ ಕಣ್ಣಿಗೆ ಅಲ್ಲಿ ಮೊದಲು ಕಾಣುವುದು ಹಸುರೊಂದೇ. ಅದರೊಳಗೆ ಬಳ್ಳಿ ಯಾವುದು, ಹಾವು ಯಾವುದು ಎಂಬ ವಿವೇಚನೆ ಸಾವಕಾಶವಾಗಿ ಬರತಕ್ಕದ್ದು. ರಸ್ತೆಯಂಚಿನ ಪೊದೆಯಲ್ಲಿ ಬೆರಳಿನಷ್ಟು ದಪ್ಪದ ಎಳೆಬಳ್ಳಿಯೊಂದು ಗಾಳಿಯಿಲ್ಲದೆಯೂ ತೂಗುತ್ತಿದ್ದರೆ ಕೈಚಾಚದೆ ನಿಂತು ನೋಡಬೇಕು. ಅದು ಹಸುರು ಬಳ್ಳಿಹಾವು ಆಗಿರಬಹುದು.

ಆಗುಂಬೆಯ ಸಮೀಪದ ಅಡಕೆ ತೋಟದ ಮನೆಯೊಂದರಲ್ಲಿ ನಾವು ತಂಗಿದ್ದಾಗ, ಸೊಪ್ಪು ಕೊಯ್ಯಲು ಹೋಗಿದ್ದ ಆ ಮನೆಯ ಸೊಸೆಯ ಬೆರಳನ್ನು ಇದು ಕಚ್ಚಿತು. ಮನೆಯೆಲ್ಲ ಗಾಬರಿ. ಒಬ್ಬರು ಹಗ್ಗದಿಂದ ತೋಳು ಬಿಗಿಯಲು ಹೊರಟರು. ಇನ್ನೊಬ್ಬರು ಬ್ಲೇಡು ತಂದರು. “ಹಸುರು ಹಾವು ಕಣ್ಣಿಗೇ ಗುರಿಯಿಟ್ಟು ಕುಕ್ಕುತ್ತದಂತಲ್ಲ ಶಾಸ್ತ್ರಿಗಳೆ, ಇವಳ ಪುಣ್ಯ, ಬೆರಳಿಗೆ ಹೋಯಿತು” ಎಂದು ಅತ್ತೆ ಕಣ್ಣೀರಿಟ್ಟರು. ಮನೆಯ ಹಿರಿಯರು ಮಾತ್ರ ಧೃತಿಗೆಡದೆ ಹಗ್ಗವನ್ನೂ ಬ್ಲೇಡನ್ನೂ ಬದಿಗಿರಿಸಿ, ಸೊಸೆಯ ಬಳೆ ಉಂಗುರಗಳನ್ನು ತೆಗೆಸಿ, ಜೀಪಿನಲ್ಲಿ ತೀರ್ಥಹಳ್ಳಿಗೆ ಕರೆದೊಯ್ದರು. ವೈದ್ಯರು ಗಾಯ ತೊಳೆದು, ಒಂದು ರಾತ್ರಿ ಇರಿಸಿಕೊಂಡು, ವಿಷನಿರೋಧಕ ಮದ್ದು ಕೊಡದೆಯೇ ಕಳುಹಿಸಿದರು. ತುಸು ಊತ, ತುಸು ಜೋಮು. ಮೂರನೆಯ ದಿನಕ್ಕೆ ಅದೂ ಇಳಿಯಿತು.

ವೈದ್ಯರ ಆ ಸಂಯಮ ಸರಿಯಾದುದೇ. ಈ ಹಾವಿಗೆ ವಿಷವುಂಟು. ಆದರೆ ವಿಷದ ಹಲ್ಲುಗಳು ನಾಗರದಂತೆ ಬಾಯಿಯ ಮುಂಭಾಗದಲ್ಲಿರದೆ ಮೇಲ್ದವಡೆಯ ಹಿಂದುಗಡೆ ಇರುತ್ತವೆ. ಓತಿ, ಕಪ್ಪೆಗಳನ್ನು ಕಚ್ಚಿ ಹಿಡಿದು ಜಗಿದಾಗ ವಿಷ ಇಳಿಯುತ್ತದೆ, ಅವು ನಿಶ್ಚೇಷ್ಟಿತವಾಗುತ್ತವೆ. ಮನುಷ್ಯನಿಗೆ ಅದು ನೋವು, ಬಾವುಗಳಲ್ಲಿಯೇ ಮುಗಿಯುವಂಥದು. ವಿಷನಿರೋಧಕ ಮದ್ದಾದರೋ ಕುದುರೆಯ ರಕ್ತದಿಂದ ಸಿದ್ಧವಾದುದು. ಕೆಲವರ ದೇಹಕ್ಕೆ ಒಗ್ಗದೆ ಅದರಿಂದಲೇ ಪ್ರಾಣಸಂಕಟ ಬರುವುದುಂಟು. ಬೇಡದ ಕಡೆ ಅದನ್ನು ಕೊಡುವುದು ಹಿತವಲ್ಲ.

ಕಣ್ಣು ಕುಕ್ಕುವ ಮಾತು ನಮ್ಮ ನಾಡಿನದಷ್ಟೇ ಅಲ್ಲ. ತಮಿಳರಲ್ಲಿಯೂ ಇದು ‘ಕಣ್ ಕೊತ್ತಿ’ ಹಾವು. ಇದರ ಶಾಸ್ತ್ರೀಯ ಕುಲನಾಮವಾದ ‘ಅಹೆತುಲ್ಲ’ ಎಂಬುದೂ ಕಣ್ಣಿಗೆ ಎರಗುವುದು ಎಂಬರ್ಥದ ಸಿಂಹಳ ಶಬ್ದವೇ. ಹಾವು ಕೂರುವ ಪೊದೆ ಆಳೆತ್ತರ. ಬಗ್ಗಿ ಸೊಪ್ಪಿಗೆ ಕೈಹಾಕಿದವರ ಮುಖ ಅದರ ಮುಂದೆಯೇ ಇರುತ್ತದೆ. ಕೆಣಕಿದರೆ ಮೈಯುಬ್ಬಿಸಿ, ಹುರುಪೆಗಳ ನಡುವಣ ಕಪ್ಪು ಬಿಳುಪು ತೋರಿಸಿ, ಬಾಯಿ ಕಳೆದು ಎರಗುತ್ತದೆ. ಇದಕ್ಕಿಂತ ಹೆಚ್ಚಿನ ಹಗೆತನ ಅದಕ್ಕಿಲ್ಲ. ನಾವು ಒಂದೇ ಎಂದುಕೊಂಡಿದ್ದ ಈ ಹಾವಿನಲ್ಲಿ ಪಶ್ಚಿಮಘಟ್ಟದಲ್ಲಿಯೇ ಹಲವು ಜಾತಿಗಳಿವೆಯೆಂದು 2020ರಲ್ಲಿ ಸಂಶೋಧಕರು ನಿರ್ಣಯಿಸಿದ್ದಾರೆ.

ಹೆಸರು ನಂಬಿ ಮೋಸಹೋಗಬಾರದು. ಆಫ್ರಿಕಾದಲ್ಲಿಯೂ ಬಳ್ಳಿಹಾವೆಂದು ಕರೆಯಲ್ಪಡುವ ಹಾವೊಂದಿದೆ. ಅದರ ಹಲ್ಲೂ ಹಿಂದುಗಡೆಯೇ. ಆದರೆ ಅದರ ವಿಷ ರಕ್ತವನ್ನು ಹೆಪ್ಪುಗಟ್ಟಗೊಡದು. ಜರ್ಮನಿಯ ಉರಗವಿಜ್ಞಾನಿ ರಾಬರ್ಟ್ ಮೆರ್ಟೆನ್ಸ್ 1975ರಲ್ಲಿ ತಾವೇ ಸಾಕಿದ್ದ ಅಂಥ ಹಾವಿನಿಂದ ಕಚ್ಚಿಸಿಕೊಂಡು 18 ದಿನ ನರಳಿ ತೀರಿಕೊಂಡರು.

ಅಷ್ಟು ದೂರವಾದರೂ ಏಕೆ? ನಮ್ಮ ಘಟ್ಟದ ಬಿದಿರುಮೆಳೆಗಳಲ್ಲಿಯೇ ಹಸುರು ಬಣ್ಣದ ಮಂಡಲದ ಹಾವಿದೆ. ಅದರ ಮೈ ಗಿಡ್ಡ, ದಪ್ಪ. ತಲೆ ಅಗಲವಾದ ತ್ರಿಕೋನ. ಕಣ್ಣಿನ ಪಾಪೆ ನಿಡಿದಾದ ಸೀಳು. ಬಳ್ಳಿಹಾವಿನದು ಚೂಪು ಮೂತಿ, ಅಡ್ಡನೆಯ ಪಾಪೆ. ಮಂಡಲ ಹಗಲೆಲ್ಲ ಸುರುಳಿಸುತ್ತಿ ಅಲುಗದೆ ಕೂರುತ್ತದೆ, ಕಚ್ಚಿದರೆ ಕೈಯೆಲ್ಲ ಬಾತು ತೀವ್ರ ನೋವು ತರುತ್ತದೆ. ಆದುದರಿಂದ ಕಚ್ಚಿದ್ದು ಯಾವುದೆಂಬ ಅನುಮಾನ ಎಳ್ಳಷ್ಟಿದ್ದರೂ ಆಸ್ಪತ್ರೆಗೆ ಹೋಗತಕ್ಕದ್ದು. ಹಾವನ್ನು ಕೊಂದು ಒಯ್ಯಬೇಕಾಗಿಲ್ಲ. ಕಚ್ಚಿದ ಹೊತ್ತು, ತಲೆಯ ಆಕಾರ, ಸಾಧ್ಯವಾದರೆ ದೂರದಿಂದ ತೆಗೆದ ಒಂದು ಚಿತ್ರ, ಇಷ್ಟಿದ್ದರೆ ವೈದ್ಯರಿಗೆ ಸಾಕಾಗುತ್ತದೆ.