ಬೆಳಕು ತೂರಿದ ಟೇಪು

ಮೊದಲು ಮೂಗಿಗೆ ಬಡಿಯುವುದು ಸಗಣಿ, ಹುಲ್ಲಿನ ವಾಸನೆ. ಹಾಡು ಆಮೇಲೆ.

1975ರ ಆಗಸ್ಟ್ 24. ವೇಲ್ಸ್‌ನ ಮಾನ್ಮತ್ ಊರಿನ ಹೊರಗೆ ರಾಕ್‌ಫೀಲ್ಡ್. ವಾರ್ಡ್ ಮನೆತನದ ಅಣ್ಣತಮ್ಮಂದಿರು ಹೈನುಗಾರಿಕೆಯ ನಡುವೆಯೇ ಅಟ್ಟದ ಮೇಲೆ ಮೈಕು ಕಟ್ಟಿಕೊಂಡು ಶುರುಮಾಡಿದ ಸ್ಟುಡಿಯೊ ಇದು. ಬ್ಯಾಂಡಿನವರು ಇಲ್ಲೇ ಉಂಡು ಇಲ್ಲೇ ಮಲಗಬಹುದು. ನಡುರಾತ್ರಿ ಎದ್ದು ಡ್ರಮ್ ಬಾರಿಸಿದರೆ ನಿದ್ದೆ ಕೆಡುವುದು ದನಗಳಿಗೆ ಮಾತ್ರ.

ಬಾಗಿಲು ತಳ್ಳಿ ಒಳಗೆ ಬನ್ನಿ, ಸದ್ದು ಮಾಡಬೇಡಿ. ಪಿಯಾನೊ ಮುಂದೆ ಕೂತಿರುವುದು ಕ್ವೀನ್ ಬ್ಯಾಂಡಿನ ಫ್ರೆಡ್ಡಿ ಮರ್ಕ್ಯುರಿ. ಇನ್ನು ಹನ್ನೆರಡು ದಿನಕ್ಕೆ ಅವನಿಗೆ ಇಪ್ಪತ್ತೊಂಬತ್ತು ತುಂಬುತ್ತದೆ. ಜಾಂಜಿಬಾರ್‌ನ ಪಾರ್ಸಿ ಮನೆಯಲ್ಲಿ ಫರೋಖ್ ಬಲ್ಸಾರಾ ಆಗಿ ಹುಟ್ಟಿ, ನಮ್ಮ ಪಕ್ಕದ ಮಹಾರಾಷ್ಟ್ರದ ಪಂಚಗಣಿಯ ಬೋರ್ಡಿಂಗ್ ಶಾಲೆಯಲ್ಲಿ ಓದಿ, ಅಲ್ಲೇ ಹುಡುಗರ ಬ್ಯಾಂಡಿನಲ್ಲಿ ಪಿಯಾನೊ ನುಡಿಸಿ ಬಂದವನು. ಅವನ ಮುಂದೆ ಅಪ್ಪನ ಕಚೇರಿಯಿಂದ ಬಂದ ಚೀಟಿಗಳು. ಸ್ವರಲಿಪಿಯ ಐದು ಗೆರೆ ಅವುಗಳ ಮೇಲಿಲ್ಲ, ಬರೀ ಸ್ವರಗಳ ಅಕ್ಷರಗಳು ಗುಂಪುಗುಂಪಾಗಿ ಓಡಾಡಿಕೊಂಡಿವೆ. ಓದಲು ಬರುವುದು ಅವನೊಬ್ಬನಿಗೇ. (‘ಬೊಹೀಮಿಯನ್ ರಾಪ್ಸೊಡಿ’ ಎಂಬ ಈ ಹಾಡಿನ ಕರಡನ್ನು ಬರೆದದ್ದು ವಿಮಾನ ಕಂಪನಿಯೊಂದರ ಕಾಗದದ ಮೇಲೆ. 2023ರಲ್ಲಿ ಅದು ಹರಾಜಿಗೆ ಬಂದಾಗ ಜನ ಕಣ್ಣರಳಿಸಿದರು: ಶೀರ್ಷಿಕೆಯಲ್ಲಿ ಮೊದಲು ಇದ್ದದ್ದು ‘ಮಂಗೋಲಿಯನ್’, ಅದನ್ನು ಹೊಡೆದು ಹಾಕಿ ‘ಬೊಹೀಮಿಯನ್’ ಮಾಡಿದ್ದಾನೆ.)

ಜಾನ್ ಡೀಕನ್ ಬೇಸ್ ಹಿಡಿದಿದ್ದಾನೆ, ರೋಜರ್ ಟೇಲರ್ ಡ್ರಮ್ಮಿನ ಹಿಂದೆ. ಫ್ರೆಡ್ಡಿಯ ಬೆರಳು ಮಣೆಗಳ ಮೇಲೆ ಇಳಿಯುತ್ತದೆ. ನಿಧಾನದ, ತಪ್ಪೊಪ್ಪಿಗೆಯಂಥ ಒಂದು ಧಾಟಿ ಬೆಳೆಯುತ್ತ ಹೋಗಿ ಥಟ್ಟನೆ ನಿಲ್ಲುತ್ತದೆ. ಯಾರೂ ಉಸಿರೆತ್ತುವುದಿಲ್ಲ. ರೀಲು ಮಾತ್ರ ತಿರುಗುತ್ತಲೇ ಇದೆ, ಖಾಲಿ. ಈ ಅರ್ಧ ನಿಮಿಷದಲ್ಲಿ ಆಪೆರಾ ಬರಬೇಕಂತೆ.

ರಾಕ್ ಹಾಡಿನಲ್ಲಿ ಆಪೆರಾ! ಬೇರೆ ಯಾವ ನಿರ್ಮಾಪಕನಾದರೂ ಕೈಮುಗಿದು ಎದ್ದು ಹೋಗುತ್ತಿದ್ದ. ರಾಯ್ ಥಾಮಸ್ ಬೇಕರ್ ಹೋಗುವುದಿಲ್ಲ. ಡೆಕ್ಕಾ ಕಂಪನಿಯಲ್ಲಿದ್ದಾಗ ಡಾಯ್ಲಿ ಕಾರ್ಟ್ ಆಪೆರಾ ಮಂಡಳಿಯ ಧ್ವನಿಮುದ್ರಣಗಳಲ್ಲಿ ಕೆಲಸ ಮಾಡಿದವನು, ಕೋರಸ್ಸು ಅವನಿಗೆ ಹೊಸದಲ್ಲ. ಆದರೆ ಇಲ್ಲಿ ಕೋರಸ್ಸಿಗೆ ಇರುವವರು ಮೂರೇ ಜನ.

ಮೂರು ವಾರ ಹಿಡಿಯಿತು. ರಾಕ್‌ಫೀಲ್ಡ್ ಹಿಂದಾಯಿತು, ಲಂಡನ್ನಿನ ಒಂದು ಸ್ಟುಡಿಯೊ, ಅದಾದ ಮೇಲೆ ಇನ್ನೊಂದು, ಒಟ್ಟು ಐದು. ಸ್ಟುಡಿಯೊ ಯಾವುದಾದರೇನು, ಒಳಗಿದ್ದವರಿಗೆ ಹಗಲೂ ಇಲ್ಲ ಇರುಳೂ ಇಲ್ಲ. ದಿನಕ್ಕೆ ಹತ್ತು ಹನ್ನೆರಡು ಗಂಟೆ ಹಾಡು. ಮಂದ್ರಕ್ಕೆ ಗಿಟಾರಿನ ಬ್ರಯಾನ್ ಮೇ, ಮಧ್ಯಕ್ಕೆ ಫ್ರೆಡ್ಡಿ, ತಾರಕ್ಕೆ ರೋಜರ್. ಕೊರಳನರ ಉಬ್ಬಿಸಿ ರೋಜರ್ ಏರುವ ಸ್ಥಾಯಿಗೆ ಹೆಂಗಸರ ದನಿಯೂ ಹಿಂಜರಿದೀತು. ಮುಗಿಯಿತು ಎಂದು ಬೇಕರ್ ಬೆನ್ನು ಚಾಚುವಷ್ಟರಲ್ಲಿ ಫ್ರೆಡ್ಡಿ ಬಾಗಿಲಲ್ಲಿ. ಕೋರಸ್ಸಿನಲ್ಲಿ ಕೂಗುವ ‘ಗೆಲಿಲಿಯೋ’ಗಳನ್ನು ಇನ್ನೊಂದಿಷ್ಟು ಸೇರಿಸಬೇಕಂತೆ. ಬೇಕರ್ ಬ್ಲೇಡು ತೆಗೆದು ಟೇಪು ಕತ್ತರಿಸಿ, ನಡುವೆ ಹೊಸ ತುಂಡು ಅಂಟಿಸುತ್ತಾನೆ. ತಿರುಗುವ ರೀಲಿನಲ್ಲಿ ಅಂಟಿನ ಪಟ್ಟೆಗಳು ಜೀಬ್ರಾ ದಾಟುಹಾದಿಯಂತೆ ಓಡುತ್ತವೆ.

ಯಂತ್ರದ ಹತ್ತಿರ ಬಂದು ನೋಡಿ, ಕಷ್ಟ ಇರುವುದು ಅಲ್ಲಿ. ಎರಡು ಇಂಚು ಅಗಲದ ಟೇಪಿನಲ್ಲಿ ಅಕ್ಕಪಕ್ಕ 24 ದಾರಿ. ಪಿಯಾನೊ, ಡ್ರಮ್ಮು, ಬೇಸು ಆಗಲೇ ಜಾಗ ಹಿಡಿದಿವೆ. ಮೂವರೂ ಒಂದು ಪಂಕ್ತಿ ಹಾಡಿದರೆ ಒಂದು ದಾರಿ ಹೋಯಿತು, ಅದನ್ನೇ ದಪ್ಪ ಮಾಡಲು ಮತ್ತೆ ಹಾಡಿದರೆ ಇನ್ನೊಂದು. ನೋಡನೋಡುತ್ತ ಜಾಗ ಮುಗಿಯುತ್ತದೆ. ಆಗ ತುಂಬಿದ ದಾರಿಗಳನ್ನೆಲ್ಲ ಕಲಸಿ ಒಂದೆರಡಕ್ಕೆ ಇಳಿಸುವುದು, ಖಾಲಿಯಾದಲ್ಲಿ ಮತ್ತೆ ಹಾಡುವುದು, ಮತ್ತೆ ಇಳಿಸುವುದು. ನಕಲಿನ ನಕಲಿನ ನಕಲು, ಎಂಟನೆಯ ತಲೆಮಾರಿನವರೆಗೆ. ಒಂದರ ಮೇಲೊಂದು ಕೂರಿಸಿದ ಪದರಗಳು ಸುಮಾರು 180.

ಟೇಪು ಎಂದರೇನು? ಪ್ಲಾಸ್ಟಿಕ್ ಪಟ್ಟಿಯ ಮೇಲೆ ಬಳಿದ ಕಬ್ಬಿಣದ ಕಂದು ಪುಡಿ, ಅಷ್ಟೇ. ದನಿ ಇರುವುದು ಆ ಪುಡಿಯಲ್ಲಿ. ಯಂತ್ರದ ತಲೆಗೆ ಉಜ್ಜಿಕೊಂಡು ಹಾದಾಗಲೆಲ್ಲ ಅದು ಚೂರು ಚೂರೇ ಉದುರುತ್ತದೆ. ಈ ಟೇಪು ಎಷ್ಟು ಸಲ ಹಾದಿತ್ತೋ! ಒಮ್ಮೆ ಎತ್ತಿ ಬೆಳಕಿಗೆ ಹಿಡಿದರು. ದೀಪ ಆಚೆಯಿಂದ ಈಚೆಗೆ ಕಾಣುತ್ತಿತ್ತು. ಮೂರು ವಾರದ ದುಡಿಮೆ ಕೈಯಲ್ಲೇ ಆರಿಹೋಗುತ್ತಿತ್ತು. ಗಡಿಬಿಡಿಯಲ್ಲಿ ಇನ್ನೊಂದು ಟೇಪಿಗೆ ನಕಲಿಳಿಸಿದರು. ನನ್ನ ಕಿವಿಗೆ ಆ ಕೋರಸ್ಸು ಗುಡಿಯ ಹೊರಗೆ ನಿಂತು ಕೇಳಿದ ಭಜನೆಯಷ್ಟು ಮಂಕು, ಅಷ್ಟೇ ಆಪ್ತ. ಸವೆತವೂ ಅದರಲ್ಲಿ ಹಾಡುತ್ತಿದೆ ಎಂದೇ ನಾನು ನಂಬಿದ್ದೇನೆ.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. ಬ್ರಯಾನ್ ತಾನೂ ಅಪ್ಪನೂ ಸೇರಿ ಹಳೆಯ ಅಗ್ಗಿಷ್ಟಿಕೆಯ ಮರದಿಂದ ಮಾಡಿದ ಗಿಟಾರನ್ನು ಆರು ಪೆನ್ನಿಯ ನಾಣ್ಯದಿಂದ ಮೀಟಿದ. ಹಾಡು 5 ನಿಮಿಷ 55 ಸೆಕೆಂಡು ಆಯಿತು. ರೇಡಿಯೊದವರಿಗೆ ಮೂರು ನಿಮಿಷ ದಾಟಿದರೆ ಚಡಪಡಿಕೆ, ಹಾಡು ಹೊರತರಬೇಕಾದ ಇಎಂಐ ಕಂಪನಿಗೂ ಅದೇ ಅಳುಕು. ಕ್ಯಾಪಿಟಲ್ ರೇಡಿಯೊದ ಕೆನ್ನಿ ಎವೆರೆಟ್ ಕೈಗೆ ಒಂದು ಪ್ರತಿ ಸಿಕ್ಕಿತು. ಒಂದೇ ವಾರಾಂತ್ಯದಲ್ಲಿ ಅವನು ಅದನ್ನು ಹದಿನಾಲ್ಕು ಸಲ ಹಾಕಿದ. ಅಕ್ಟೋಬರ್ 31ಕ್ಕೆ ಸಿಂಗಲ್ ಬಂತು. ನವೆಂಬರ್ 10ರಂದು ಎಲ್‌ಸ್ಟ್ರೀಯಲ್ಲಿ ನಾಲ್ಕು ಗಂಟೆಯಲ್ಲಿ ವಿಡಿಯೊ ಮುಗಿಯಿತು. ನವೆಂಬರ್ ಕೊನೆಯಿಂದ ಒಂಬತ್ತು ವಾರ ಬ್ರಿಟನ್ನಿನ ಪಟ್ಟಿಯ ತುದಿಯಿಂದ ಅದು ಕದಲಲಿಲ್ಲ. ತಟ್ಟೆಯ ಹಿಂಬದಿಯಲ್ಲಿ ಇದ್ದದ್ದು ರೋಜರ್ ತನ್ನ ಕಾರು ಮೋಹದ ಬಗ್ಗೆ ಬರೆದ ಹಾಡು. ಕೊಂಡವರೆಲ್ಲ ಎರಡು ಬದಿಗೂ ದುಡ್ಡು ಕೊಟ್ಟಂತೆಯೇ ಲೆಕ್ಕ, ಹಾಗಾಗಿ ರಾಯಧನ ಫ್ರೆಡ್ಡಿ, ರೋಜರ್ ಇಬ್ಬರಿಗೂ ಸರಿಸಮ. ಉಳಿದವರಿಗೆ ಇದು ಬಹುಕಾಲ ಹೊಟ್ಟೆಯಲ್ಲಿ ಉರಿಯಿತು.

ಈಗ ಹನ್ನೊಂದು ವರ್ಷ ಮುಂದಕ್ಕೆ ಬನ್ನಿ. 1986ರ ಜುಲೈ 12, ಲಂಡನ್ನಿನ ವೆಂಬ್ಲಿ ಕ್ರೀಡಾಂಗಣ. 70 ಸಾವಿರದ ಮೇಲೆ ಜನ, ನಿಮ್ಮ ಭುಜಕ್ಕೆ ಯಾರದೋ ಭುಜ. ಫ್ರೆಡ್ಡಿ ಪಿಯಾನೊ ಮುಂದೆ ಕೂತು ಮೊದಲ ಭಾಗ ಹಾಡುತ್ತಾನೆ, ಬ್ರಯಾನ್ ಗಿಟಾರು ಮೀಟುತ್ತಾನೆ, ಅದೇ ಜಾಗಕ್ಕೆ ಬಂದು ಹಾಡು ನಿಲ್ಲುತ್ತದೆ. ನಾಲ್ವರೂ ಎದ್ದು ವೇದಿಕೆಯಿಂದ ಇಳಿದು ಹೋಗುತ್ತಾರೆ. ಅಷ್ಟು ಕೊರಳುಗಳನ್ನು ಮೂವರು ನಿಂತಲ್ಲೇ ಹಾಡುವುದು ಆಗದ ಮಾತು. ಅವರು ಆ ನಟನೆ ಮಾಡಲೂ ಹೋಗುವುದಿಲ್ಲ. ಹೊಗೆ ಏಳುತ್ತದೆ, ದೀಪಗಳು ಮಿನುಗುತ್ತವೆ, ಖಾಲಿ ವೇದಿಕೆಯಲ್ಲಿ ಟೇಪು ಹಾಡುತ್ತದೆ. ಜನ ಅದರ ಜೊತೆ ಹಾಡುತ್ತಾರೆ, ಒಂದು ಗೆಲಿಲಿಯೋ ಕೂಡ ಬಿಡದೆ.