ಗಾಡಿ ವಕೀಲ

ನಾನು ಕೊಲೆ ಕೇಸು ನಡೆಸಬೇಕೆಂಬುದು ನಮ್ಮಪ್ಪನ ಆಸೆಯಾಗಿತ್ತು. ಗಲ್ಲಿಗೇರಬೇಕಿದ್ದ ನಿರಪರಾಧಿಯನ್ನು ಮಗ ಉಳಿಸಿಕೊಂಡ ಎಂದು ಊರು ಹೇಳಬೇಕಂತೆ. ಊರು ಹೇಳುವುದೇ ಬೇರೆ: "ಅಬಕಾರಿಯವರು ಸ್ಕೂಟರ್ ಹಿಡಿದರಾ? ಹೋಗು, ಗಾಡಿ ವಕೀಲರನ್ನು ನೋಡು."

ಗೋವಾ ಗಡಿಯ ಸೀಮೆಯಲ್ಲಿ ಇದಕ್ಕಿಂತ ದೊಡ್ಡ ಕೀರ್ತಿ ಬೇಡ. ಆ ಕಡೆ ಮದ್ಯ ಅಗ್ಗ, ಈ ಕಡೆ ಬಾಯಾರಿಕೆ ಜಾಸ್ತಿ. ನಡುವೆ ಮಾಜಾಳಿ, ಅನಮೋಡದ ತಪಾಸಣೆ. ಸ್ಟೆಪ್ನಿ ಗುಂಡಿ, ಸೀಟಿನ ತಳ, ಮೀನಿನ ಬುಟ್ಟಿಯಡಿ, ಬಾಟಲಿ ಬಚ್ಚಿಡುವಾಗ ನಮ್ಮವರಿಗೆ ಹೊಳೆಯುವ ಉಪಾಯಗಳು ಪರೀಕ್ಷೆ ಬರೆಯುವಾಗ ಹೊಳೆದಿದ್ದರೆ ಊರ ತುಂಬ ಎಂಜಿನಿಯರುಗಳಿರುತ್ತಿದ್ದರು. ಮದುವೆ ಹಂಗಾಮು, ಚುನಾವಣೆ ಎರಡೂ ಒಟ್ಟಿಗೆ ಬಂದ ವರ್ಷ ನಮ್ಮ ಮನೆಗೆ ಸುಣ್ಣಬಣ್ಣ.

ಸಿಕ್ಕಿಬಿದ್ದ ಮನುಷ್ಯ ಜಾಮೀನು ಪಡೆದು ಬೇಗ ಮನೆ ಸೇರುವುದುಂಟು. ಗಾಡಿ ಸೇರುವುದಿಲ್ಲ, ಅದು ಮುದ್ದೆಮಾಲು, ಅಂದರೆ ಕೇಸಿನಲ್ಲಿ ವಶಪಡಿಸಿಕೊಂಡ ವಸ್ತು. 1965ರ ಕರ್ನಾಟಕ ಅಬಕಾರಿ ಕಾಯ್ದೆಯಂತೆ ಕಳ್ಳಮದ್ಯ ಹೊತ್ತ ವಾಹನವೂ ಮುಟ್ಟುಗೋಲಿಗೆ ಅರ್ಹ. ತನಗೆ ತಿಳಿಯದೆ ನಡೆಯಿತು, ತಕ್ಕ ಎಚ್ಚರ ವಹಿಸಿದ್ದೆ ಎಂದು ಮಾಲೀಕ ತೋರಿಸಿಕೊಡಬೇಕು. ಹಾಗಾಗಿ ನನ್ನ ಅರ್ಜಿಗಳಲ್ಲೆಲ್ಲ ಆಸ್ಪತ್ರೆಗೆಂದು ಗಾಡಿ ಕೇಳಿದ ಒಬ್ಬ ಭಾವಮೈದುನ ಇದ್ದೇ ಇರುತ್ತಾನೆ. ನಮ್ಮ ಕಡೆಯ ಭಾವಮೈದುನರಷ್ಟು ರೋಗಿಷ್ಠರು ರಾಜ್ಯದಲ್ಲೇ ಇರಲಿಕ್ಕಿಲ್ಲ.

ಗಾಡಿ ಬಿಡಿಸಿಕೊಳ್ಳಲು ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 451, 457ನೇ ಕಲಮುಗಳಡಿ ಅರ್ಜಿ ಹಾಕುತ್ತಿದ್ದೆವು. 2024ರ ಜುಲೈಯಿಂದ ನಾಗರಿಕ ಸುರಕ್ಷಾ ಸಂಹಿತೆಯ 497, 503. ನಮ್ಮ ಟೈಪಿಸ್ಟಿನ ಬೆರಳು ಇನ್ನೂ ಹಳೆಯದನ್ನೇ ಕುಟ್ಟುತ್ತದೆ. ಬತ್ತಳಿಕೆಯ ಮುಖ್ಯ ಬಾಣ ಮಾತ್ರ ಬದಲಾಗಿಲ್ಲ: ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ 2002ರಲ್ಲಿ ಸುಪ್ರೀಂ ಕೋರ್ಟು ಕೊಟ್ಟ ತೀರ್ಪು. ವಶಪಡಿಸಿಕೊಂಡ ಮಾಲು ಠಾಣೆಯಲ್ಲಿ 15 ದಿನದಿಂದ ಒಂದು ತಿಂಗಳಿಗಿಂತ ಹೆಚ್ಚು ಕೊಳೆಯಬಾರದು. ಫೋಟೋ ತೆಗೆದು, ಬಾಂಡು, ಭದ್ರತೆ ಪಡೆದು ಗಾಡಿ ಬಿಟ್ಟುಕೊಡಿ ಎಂದಿತು. ಗುಜರಾತಿನ ಆ ಮೊಕದ್ದಮೆ ಹುಟ್ಟಿದ್ದೇ ಠಾಣೆಯ ಮುದ್ದೆಮಾಲನ್ನು ಪೊಲೀಸರೇ ಅದಲುಬದಲು ಮಾಡಿದರೆಂಬ ಆರೋಪದಿಂದ. ಆ ಭಾಗವನ್ನು ನಾನು ಕೋರ್ಟಿನಲ್ಲಿ ಗಟ್ಟಿಯಾಗಿ ಓದುವುದಿಲ್ಲ. ಎದುರುಗಡೆಯವರ ಜತೆ ಚಹಾ ಕುಡಿಯಬೇಕಲ್ಲ! ಅವರ ಬಾಣವೂ ಸಿದ್ಧ: ಮುಟ್ಟುಗೋಲಿನ ಅಧಿಕಾರ ಇಲಾಖೆಯದು, ಮ್ಯಾಜಿಸ್ಟ್ರೇಟರು ಬಿಡುವಂತಿಲ್ಲ. ಈ ಬಾಣಗಳು ಗಾಳಿಯಲ್ಲಿ ಡಿಕ್ಕಿ ಹೊಡೆಯುತ್ತಿರುವಾಗ ಕೆಳಗೆ ಗಾಡಿ ನೆನೆಯುತ್ತಿರುತ್ತದೆ.

ಮೀನು ಮಾರುವ ಅಕ್ಕನೊಬ್ಬಳ ಕೆಂಪು ಸ್ಕೂಟರ್ ಹಾಗೆಯೇ ನೆನೆಯಿತು. ಒಯ್ದದ್ದು ಮಗ; ಅರ್ಜಿಯಲ್ಲಿ ವಾಡಿಕೆಯಂತೆ ಭಾವಮೈದುನನನ್ನು ಬರೆಯಹೊರಟರೆ "ನನಗೆ ಭಾವಮೈದುನರೇ ಇಲ್ಲ, ಇದ್ದದ್ದು ಬರಿ" ಅಂದಳು. ಕಡೆಗೂ ಆದೇಶ ಬಂತು. ಮಾರಬಾರದು, ರೂಪ ಕೆಡಿಸಬಾರದು, ಬಣ್ಣ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು. ಬಾಂಡಿಗೆ ಹೆಬ್ಬೆಟ್ಟೊತ್ತಿ ಅಬಕಾರಿಯವರ ಅಂಗಳಕ್ಕೆ ಹೋದೆವು. ಕೆಂಪು ಬಿಸಿಲುಮಳೆಗೆ ತೊಳೆದುಹೋಗಿ ಗುಲಾಬಿಯಾಗಿತ್ತು. ಬ್ಯಾಟರಿ ಇಲ್ಲ, ಕನ್ನಡಿ ಇಲ್ಲ, ವೈರು ಇಲಿಗಳ ಪಾಲು. ಅವಳು ಬಗ್ಗಿ ಬುಟ್ಟಿ ಕಟ್ಟುವ ಜಾಗ ಮೂಸಿದಳು. "ಬಂಗಡೆ ವಾಸನೆಯೇ ಇಲ್ಲ. ಇದು ನಂದಲ್ಲ." ಚಾಸಿ ನಂಬರು ತೋರಿಸಿ ಒಪ್ಪಿಸಿದೆ. ಆಗ ಕೇಳಿದಳು: "ಬಣ್ಣ ಬದಲಿಸಬಾರದು ಅಂತ ನನ್ನ ಹತ್ತಿರ ಬರೆಸಿಕೊಂಡರಲ್ಲ, ಇವರ ಹತ್ತಿರ ಯಾರು ಬರೆಸಿಕೊಂಡಿದ್ದರು?" ನಾನು ಟೆಂಪೋದವನನ್ನು ಕೂಗಿದೆ.

ಮೆಕ್ಯಾನಿಕ್ ಹೇಳಿದ ಖರ್ಚಿಗೆ ಬೇರೆ ಹಳೇ ಸ್ಕೂಟರೇ ಬರುತ್ತಿತ್ತು. ಗುಜರಿಗೆ ಹಾಕೋಣವೆಂದರೆ ಬಾಂಡು ಬಿಡದು. ಅವಳ ಮನೆಯ ಹಿತ್ತಲಲ್ಲಿ ಮಡಲಿನ ಚಪ್ಪರದಡಿ ಅದು ಈಗ ಕೋರ್ಟಿನ ಕರೆಗೆ ಕಾಯುತ್ತಿದೆ. ವಿಚಾರಣೆ ಇನ್ನೂ ಶುರುವಾಗಿಲ್ಲ.

ನನ್ನ ಫೀಸು ಬಂಗಡೆಯ ರೂಪದಲ್ಲಿ ಸಂದಾಯವಾಗುತ್ತಿದೆ. ಅವಳು ಬುಟ್ಟಿ ಹೊತ್ತು ನಡೆದೇ ಬರುವುದರಿಂದ, ನಮ್ಮ ಕೇರಿ ಮುಟ್ಟುವಷ್ಟರಲ್ಲಿ ದೊಡ್ಡವೆಲ್ಲ ಖರ್ಚಾಗಿರುತ್ತವೆ.